ದೇವರಕಾಡಿನ ಹಳೆಯ ಅಂಚಿನಲ್ಲಿ ಮಣ್ಣಿನ ನಾಯಿಗಳನ್ನು ಇಡಬಹುದೇ? ಊರಿನವರು ಹೇಳಬೇಕು

ಹಸಿಮಣ್ಣು (ಜನವರಿ)

ಎಲ್ಲರಿಗೂ ನಮಸ್ಕಾರ. ನಾನು ವಿರಾಜಪೇಟೆ ಕಡೆಯವಳು. ಮೈಸೂರಿನಲ್ಲಿ ಶಿಲ್ಪಕಲೆ ಕಲಿತೆ, ಹನ್ನೊಂದು ವರ್ಷಗಳಿಂದ ಮಣ್ಣಿನಲ್ಲೇ ಕೆಲಸ ಮಾಡುತ್ತಿದ್ದೇನೆ. ಒಂದು ಕೆಲಸ ಬಹಳ ದಿನಗಳಿಂದ ಮನಸ್ಸಿನಲ್ಲಿದೆ. ಕೈ ಹಾಕುವ ಮೊದಲು ಇಲ್ಲಿರುವ ಕೊಡಗಿನವರನ್ನು ಕೇಳಬೇಕು ಎನಿಸಿತು.

ನನ್ನ ತಾಯಿಯ ಮನೆಯಿಂದ (ನಮ್ಮಲ್ಲಿ ಅಜ್ಜಿಯನ್ನು ತಾಯಿ ಎನ್ನುತ್ತೇವೆ, ಹೆತ್ತವರು ಅವ್ವ) ಊರಿನ ಅಯ್ಯಪ್ಪನ ದೇವರಕಾಡಿಗೆ ಅರ್ಧ ಗಂಟೆಯ ಕಾಲುದಾರಿ. ಮೊದಲು ಪಾಳುಬಿದ್ದ ಗದ್ದೆ, ಆಮೇಲೆ ತೋಡು (ಸಣ್ಣ ಹಳ್ಳ), ಅದನ್ನು ದಾಟಿದರೆ ಕಾಫಿ ತೋಟ, ತೋಟ ಮುಗಿದಲ್ಲಿ ಕಾಡು. ಚಿಕ್ಕಂದಿನಲ್ಲಿ ತಾಯಿಯ ಜೊತೆ ಹೋಗುವಾಗ ತೋಟದ ನಡುವೆ ಒಂದು ಜಾಗ ಬಂದ ಕೂಡಲೇ ಅವರು ಚಪ್ಪಲಿ ಬಿಡುತ್ತಿದ್ದರು. ಸುತ್ತಲೂ ರೊಬಸ್ಟಾ ಗಿಡಗಳು, ಮೇಲೆ ಸಿಲ್ವರ್ ಓಕ್ ಮರಗಳು. ಕಾಡು ಇನ್ನೂ ಮುನ್ನೂರು ಹೆಜ್ಜೆ ಮುಂದಿತ್ತು. ಇಲ್ಲೇ ಯಾಕೆ ಎಂದು ಕೇಳಿದ್ದಕ್ಕೆ "ಇಲ್ಲಿಂದ ದೇವರದ್ದು" ಎಂದಿದ್ದರು. ಅವರು ಹುಡುಗಿಯಾಗಿದ್ದಾಗ ಕಾಡು ಶುರುವಾಗುತ್ತಿದ್ದದ್ದು ಅಲ್ಲಿಂದ. ಮರಗಳು ಹೋಗಿ ನಲವತ್ತು ವರ್ಷಗಳಾದರೂ ಅವರ ಪಾದಕ್ಕೆ ಕಾಡಿನ ಅಂಚು ಅಲ್ಲೇ ಇತ್ತು. ಆ ಮುನ್ನೂರು ಹೆಜ್ಜೆಗಳನ್ನು ನಾವಿಬ್ಬರೂ ಒಣಗಿದ ಕಾಫಿ ಎಲೆಗಳ ಮೇಲೆ ಬರಿಗಾಲಿನಲ್ಲಿ ನಡೆಯುತ್ತಿದ್ದೆವು.

ನಿಮಗೆಲ್ಲ ಗೊತ್ತಿರುವಂತೆ ನಮ್ಮ ಅಯ್ಯಪ್ಪ ಬೇಟೆಯ ದೇವರು. ಹರಕೆ ಹೊತ್ತವರು ಮಣ್ಣಿನ ನಾಯಿಗಳನ್ನು ತಂದು ಒಪ್ಪಿಸುತ್ತಾರೆ. ನಮ್ಮ ಕಾಡಿನ ಮರದ ಬುಡದಲ್ಲಿಯೂ ಅಂಥ ನಾಯಿಗಳ ರಾಶಿಯಿದೆ. ಕೆಲವಕ್ಕೆ ಕಿವಿ ಮುರಿದಿದೆ, ಕೆಲವು ಪಾಚಿ ಹಿಡಿದು ಹಸಿರಾಗಿವೆ.

ನನ್ನ ಯೋಜನೆ ಹೀಗಿದೆ. ತಾಯಿ ಚಪ್ಪಲಿ ಬಿಡುತ್ತಿದ್ದ ಜಾಗದಿಂದ ಕಾಡಿನ ಹಳೆಯ ಅಂಚು ಎಲ್ಲೆಲ್ಲಿ ಹಾದು ಹೋಗಿತ್ತೋ ಅಲ್ಲೆಲ್ಲ ಮುನ್ನೂರು ಮಣ್ಣಿನ ನಾಯಿಗಳನ್ನು ಇಡುವುದು. ಎಲ್ಲವೂ ಈಗಿನ ಕಾಡಿನ ಕಡೆಗೆ ಮುಖ ಮಾಡಿರಬೇಕು. ಅವನ್ನು ಸುಡುವುದಿಲ್ಲ. ಜೂನ್ ಮಳೆಗೆ ಕರಗಿ ಅಲ್ಲೇ ಮಣ್ಣಾಗಬೇಕು. ಈ ಬಗೆಯದನ್ನು ಸ್ಥಳನಿರ್ದಿಷ್ಟ ಕಲೆ ಎನ್ನುತ್ತಾರೆ. ಆ ಜಾಗದಿಂದ ಎತ್ತಿ ಬೇರೆಡೆ ಇಟ್ಟರೆ ಅದಕ್ಕೆ ಅರ್ಥವಿಲ್ಲ.

ಎರಡು ವರ್ಷಗಳ ಹಿಂದೆ ಒಂದು ರೆಸಾರ್ಟಿನವರು ನನ್ನಿಂದ "ಕಾಡಿನ ಜನರ ಮುಖವಾಡಗಳು" ಎಂದು ಗೋಡೆಗೆ ತೂಗುಹಾಕಲು ನಲವತ್ತು ಮುಖಗಳನ್ನು ಮಾಡಿಸಿಕೊಂಡರು. ಅಂಥ ಮುಖವಾಡ ಕೊಡಗಿನ ಯಾವ ಕಾಡಿನಲ್ಲಿಯೂ ಇಲ್ಲ. ಹಣ ಬೇಕಿತ್ತು, ಮಾಡಿಕೊಟ್ಟೆ. ಆ ನೋವು ಇನ್ನೂ ಇದೆ. ಅದಕ್ಕೇ ಈ ಸಲ ಮೊದಲೇ ಕೇಳುತ್ತಿದ್ದೇನೆ. ತಪ್ಪಿದ್ದರೆ ಹೇಳಿ.

ಹಳೆಯ ಮೇಷ್ಟರು

ಮಗಳೇ, ನಿಮ್ಮ ತಾಯಿಯ ಪಾದಕ್ಕೆ ಗೊತ್ತಿದ್ದದ್ದು ದಾಖಲೆಯಲ್ಲಿಯೂ ಇದೆ. 1873ರಲ್ಲಿ ಕೊಡಗಿನ ದೇವರಕಾಡುಗಳ ಒಟ್ಟು ವಿಸ್ತೀರ್ಣ 15,506 ಎಕರೆ. 1985ರ ಹೊತ್ತಿಗೆ ಉಳಿದದ್ದು ಸುಮಾರು 6,300 ಎಕರೆ. ಈ ನಡುವೆ, 1905ರಲ್ಲಿ, ಇವು ಕಂದಾಯ ಇಲಾಖೆಯ ಕೈಗೆ ಹೋದವು. ಮರಳಿ ಅರಣ್ಯ ಇಲಾಖೆಗೆ ಬಂದದ್ದು 1985ರಲ್ಲಿ. ಪಟ್ಟಿಯಲ್ಲಿ ಇಂದಿಗೂ 1,214 ದೇವರಕಾಡುಗಳಿವೆ, ಅಯ್ಯಪ್ಪನ ಹೆಸರಿನವೇ ಹೆಚ್ಚು. ಹೆಸರು ಉಳಿಯಿತು, ನೆಲ ಹೋಯಿತು. ಮೂವತ್ತು ವರ್ಷ ಮಕ್ಕಳಿಗೆ ಭೂಪಟ ಬರೆಸಿದ್ದೇನೆ. ಹಳೆಯ ಅಂಚನ್ನು ಕಾಲಿನಿಂದ ತೋರಿಸಿದವರನ್ನು ಕುರಿತು ಇದೇ ಮೊದಲು ಓದುತ್ತಿರುವುದು. ಈ ಕೆಲಸ ಆಗಬೇಕು. ಆದರೆ ನಾಯಿಗಳ ವಿಚಾರವನ್ನು ತಕ್ಕರ (ಊರಿನ ದೇವರ ಕಾರ್ಯ ನೋಡಿಕೊಳ್ಳುವ ಹಿರಿಯರ) ಕುಟುಂಬದವರು ಯಾರಾದರೂ ಹೇಳಲಿ.

ಬಣ್ಣದ ಡಬ್ಬಿ

ಅಕ್ಕ, ನಾನು ಬೆಂಗಳೂರಿನಲ್ಲಿ ಚಿತ್ರಕಲೆ ಓದುತ್ತಿದ್ದೇನೆ, ಊರು ಸೋಮವಾರಪೇಟೆ. ನಿಮ್ಮ ಯೋಜನೆ ಓದಿ ಬಹಳ ಖುಷಿಯಾಯಿತು. ನಮ್ಮ ತರಗತಿಯಲ್ಲಿ ಈ ವಿಷಯ ಬಂದಾಗಲೆಲ್ಲ ಅಮೆರಿಕದ ರಾಬರ್ಟ್ ಸ್ಮಿತ್‌ಸನ್ 1970ರಲ್ಲಿ ಯೂಟಾದ ಉಪ್ಪಿನ ಸರೋವರದಲ್ಲಿ ಕಲ್ಲು ಮಣ್ಣು ಸುರಿದು ಮಾಡಿದ ದೊಡ್ಡ ಸುರುಳಿಯನ್ನು ತೋರಿಸುತ್ತಾರೆ. ನೀರು ಏರಿ ಅದು ಎಷ್ಟೋ ವರ್ಷ ಮುಳುಗಿಯೇ ಇತ್ತು. ಇಂಗ್ಲೆಂಡಿನ ರಿಚರ್ಡ್ ಲಾಂಗ್ 1967ರಲ್ಲಿ ಒಂದು ಹುಲ್ಲುಗಾವಲಿನಲ್ಲಿ ಹಿಂದಕ್ಕೂ ಮುಂದಕ್ಕೂ ನಡೆದು ನಡೆದು ಹುಲ್ಲಿನಲ್ಲಿ ಒಂದು ಗೆರೆ ಮೂಡಿಸಿದರು, ಅದೇ ಕೃತಿ. ನನಗೆ ಅವೆಲ್ಲ ಇಷ್ಟ. ಆದರೆ ನಮ್ಮ ಊರಿನ ಉದಾಹರಣೆ ಕೊಡಿ ಎಂದರೆ ನನ್ನ ಬಳಿ ಏನೂ ಇರಲಿಲ್ಲ. ಇನ್ನು ಮೇಲೆ ನಿಮ್ಮದನ್ನು ಹೇಳುತ್ತೇನೆ.

ಹಳೆಯ ಮೇಷ್ಟರು

ಉದಾಹರಣೆ ಇರಲಿಲ್ಲ ಎನ್ನಬೇಡಿ ಮಗೂ. ನಾಟಿ ಓಟ ಏನು? ನಾಟಿ ಮುಗಿಯುವ ಹೊತ್ತಿಗೆ ಎಲ್ಲಕ್ಕಿಂತ ದೊಡ್ಡ ಗದ್ದೆಯಲ್ಲಿ ಈ ತುದಿಯಿಂದ ಆ ತುದಿಗೆ ಹತ್ತಡಿ ಅಗಲದ ಜಾಗವನ್ನು ನೆಡದೆ ಬಿಡುತ್ತಿದ್ದರು. ಆ ಕೆಸರಿನಲ್ಲಿ ಗಂಡಸರೆಲ್ಲ ಓಡಬೇಕು. ಗೆದ್ದವರಿಗೆ ಬಟ್ಟೆ, ಬಾಳೆಗೊನೆ. ಓಟ ಮುಗಿದ ಮೇಲೆ ಆ ದಾರಿಗೂ ಪೈರು ನೆಡುತ್ತಿದ್ದರು. ಎರಡು ವಾರದಲ್ಲಿ ಓಡಿದ ಗುರುತೇ ಇರುತ್ತಿರಲಿಲ್ಲ. ಸುತ್ತ ಹಸಿರು, ನಡುವೆ ಕಂದು ಗೆರೆ, ಅದರೊಳಗೆ ಮೊಣಕಾಲುವರೆಗೆ ಕೆಸರಾದ ಜನ. ನಾನು ಹನ್ನೆರಡನೆಯ ವಯಸ್ಸಿನಲ್ಲಿ ಓಡಿ ಬಿದ್ದ ಗದ್ದೆ ಇಂದಿಗೂ ಕಣ್ಣ ಮುಂದಿದೆ. ನಿಮ್ಮ ಗುರುಗಳಿಗೆ ಇದನ್ನು ಹೇಳಿ.

ಭಾಗಮಂಡಲದ ಸೊಸೆ

ಮೇಷ್ಟರೇ, ಬೊತ್ತ್ ಮರೆತಿರಿ. ತುಲಾ ಸಂಕ್ರಮಣದ ಹೊತ್ತಿಗೆ ಗದ್ದೆಗೆ, ಬಾವಿಯ ಬಳಿಗೆ ಬಳ್ಳಿ ಸುತ್ತಿದ ಕೋಲು ಚುಚ್ಚುವುದು. ಅಕ್ಟೋಬರ್‌ನ ಹಸಿರು ಪೈರಿನ ನಡುವೆ ಆ ಕೋಲುಗಳು ಕಿರೀಟ ಇಟ್ಟುಕೊಂಡು ನಿಂತ ಹಾಗೆ ಕಾಣುತ್ತವೆ.

ನಾನು ಅರೆಭಾಷೆ ಮಾತಾಡುವ ಮನೆಯವಳು, ಮದುವೆಯಾಗಿ ಬಂದದ್ದು ಭಾಗಮಂಡಲದ ಹತ್ತಿರಕ್ಕೆ. ನನಗೆ ಅನಿಸುವುದನ್ನು ಹೇಳುತ್ತೇನೆ. ಕಾವೇರಿಯ ಕಥೆಯನ್ನು ಎಲ್ಲಿಯೂ ಹೇಳಬಹುದು. ಆದರೆ ಬಲಮುರಿಯಲ್ಲಿ ನಿಂತು ಹೇಳಿದರೆ ಬೇರೆ. ಹರಿದು ಹೊರಟವಳನ್ನು ಜನ ತಡೆಯಲು ನಿಂತರು, ನೀರಿನ ರಭಸಕ್ಕೆ ಹೆಂಗಸರ ಸೀರೆಯ ನೆರಿಗೆ ಹಿಂದಕ್ಕೆ ತಿರುಗಿತು, ಅಂದಿನಿಂದ ಕೊಡವ ಹೆಂಗಸರ ನೆರಿಗೆ ಬೆನ್ನ ಕಡೆಗೆ. ನದಿಯ ತಿರುವಿನಲ್ಲಿ ಹುಟ್ಟಿದ ಕಥೆಯನ್ನು ಇಲ್ಲಿನ ಹೆಂಗಸರು ಈಗಲೂ ಉಡುತ್ತಾರೆ. ಇರ್ಪುವಿನಲ್ಲಿ ಲಕ್ಷ್ಮಣ ಬಾಣ ಬಿಟ್ಟು ನೀರು ತರಿಸಿದ ಎನ್ನುವುದೂ ಹಾಗೆಯೇ. ಆ ಜಲಪಾತ ಇಲ್ಲದಿದ್ದರೆ ಆ ಮಾತಿಗೆ ನಿಲ್ಲಲು ಜಾಗವಿಲ್ಲ. ನಮ್ಮ ಕಥೆಗಳಿಗೆ ವಿಳಾಸ ಇದೆ. ಅದಕ್ಕೇ ನಿಮ್ಮ ಯೋಜನೆಯಲ್ಲಿ ನನಗೆ ಹಿಡಿಸಿದ್ದು ನಾಯಿಗಳಲ್ಲ, ಚಪ್ಪಲಿ ಬಿಟ್ಟ ಜಾಗ.

ತಕ್ಕರ ಮನೆ

ನಮ್ಮ ಕುಟುಂಬದಲ್ಲಿ ತಕ್ಕಾಮೆ ಇದೆ. ನಾನು ಚಿಕ್ಕವನು, ನನ್ನ ದೊಡ್ಡಪ್ಪನನ್ನು ಕೇಳಿ ಬರೆಯುತ್ತಿದ್ದೇನೆ.

ಮಣ್ಣಿನ ನಾಯಿ ಕುಂಬಾರನ ಅಂಗಳದಲ್ಲಿ ಇರುವವರೆಗೆ ಮಣ್ಣಿನ ನಾಯಿಯೇ. ಯಾರೋ ಒಬ್ಬರು ಮಗುವಿನ ಕಾಯಿಲೆಗೆ, ಕಳೆದುಹೋದ ದನಕ್ಕೆ ಹರಕೆ ಹೇಳಿಕೊಂಡು ಅದನ್ನು ತಂದು ಇಟ್ಟ ಮೇಲೆ ಅದು ದೇವರ ಸೊತ್ತು. ನಿಮ್ಮ ಮುನ್ನೂರು ನಾಯಿಗಳ ಹಿಂದೆ ಮುನ್ನೂರು ಹರಕೆಗಳಿಲ್ಲ. ಆದರೂ ಕಾಡಿನ ಹತ್ತಿರ ಇಟ್ಟರೆ ದಾರಿಯಲ್ಲಿ ಹೋಗುವ ಹಿರಿಯರು ಕೈ ಮುಗಿಯುತ್ತಾರೆ, ಅದನ್ನು ನೀವು ತಡೆಯಲಾರಿರಿ. ಕೈ ಮುಗಿದ ಮೇಲೆ ಅದು ಕರಗುತ್ತದೆ. ಮೂತಿ ಕರಗಿ, ಕಾಲು ಕರಗಿ, ಅರ್ಧ ನಾಯಿ ಮಳೆಯಲ್ಲಿ ನಿಲ್ಲುತ್ತದೆ. ಆ ದೃಶ್ಯವನ್ನು ಕಂಡ ನನ್ನ ದೊಡ್ಡಮ್ಮನಂಥವರ ಮನಸ್ಸು ಏನಾಗಬೇಡ? ಹರಕೆಯ ನಾಯಿಯನ್ನು ಸುಟ್ಟು ಗಟ್ಟಿ ಮಾಡಿ ಇಡುವುದಕ್ಕೆ ಕಾರಣ ಇದೆ. ಅದು ಅಲ್ಲೇ ಹಳೆಯದಾಗಬೇಕು, ಕಾಡೇ ಅದನ್ನು ಮುಚ್ಚಬೇಕು.

ದೊಡ್ಡಪ್ಪ ಸಿಟ್ಟಾಗಲಿಲ್ಲ. "ಕೇಳಿದ್ದು ಒಳ್ಳೆಯದಾಯಿತು" ಎಂದರು. ಇನ್ನೊಂದು ಮಾತು ಹೇಳಿದರು. ಹಬ್ಬಕ್ಕೆ ಕಟ್ಟು ಬಿದ್ದ ಮೇಲೆ ಊರಿನಲ್ಲಿ ಮರ ಕಡಿಯುವಂತಿಲ್ಲ, ಪ್ರಾಣಿ ಕೊಲ್ಲುವಂತಿಲ್ಲ, ಆ ದಿನಗಳಲ್ಲಿ ನೀವು ನೆಲ ಕೆದಕುವ ಯಾವ ಕೆಲಸವನ್ನೂ ಮಾಡಬೇಡಿ. ನಿಮ್ಮ ಊರಿನ ತಕ್ಕರನ್ನು ಮನೆಗೆ ಹೋಗಿ ನೋಡಿ. ಫೋನಿನಲ್ಲಿ ಕೇಳಬೇಡಿ.

ಹೂಮಳೆ

ನಾನು ಬೆಳೆಗಾರ. ಹತ್ತು ಎಕರೆ ತೋಟ, ಅದರ ಒಂದು ಬದಿಗೆ ದೇವರಕಾಡು. ಮೇಲಿನದನ್ನೆಲ್ಲ ಓದಿ ರಾತ್ರಿ ನಿದ್ದೆ ಬರಲಿಲ್ಲ. ಸುಮ್ಮನಿರುವುದಕ್ಕಿಂತ ಬರೆಯುವುದು ವಾಸಿ.

ನನ್ನ ಅಜ್ಜ ಕಾಗದಪತ್ರ ನೋಡಿಯೇ ಜಾಗ ಕೊಂಡರು. ಅದಕ್ಕೂ ಮೊದಲು ಏನಿತ್ತೋ ಅದನ್ನು ಕಡಿದವರು ಯಾರೋ. ಈಗ ನೀವು ನಾಯಿಗಳ ಸಾಲನ್ನು ತೋಟದ ನಡುವೆ ಇಟ್ಟರೆ ಅದು ಗಡಿಯ ಗೆರೆಯಾಗುತ್ತದೆ. ನಾಳೆ ಯಾರಾದರೂ ಅದರ ಫೋಟೋ ಹಿಡಿದು ಒತ್ತುವರಿ ಎನ್ನುತ್ತಾರೆ. ತೋಟದ ಮಾಲೀಕರು ನಿಮ್ಮ ನೆಂಟರೇ ಆಗಿರಬಹುದು, ಆದರೂ ಒಮ್ಮೆ ಯೋಚಿಸಿ. ಕಾಡು ಕಿರಿದಾದದ್ದು ನನಗೂ ನೋವೇ. ಮಲೆ ಮರಗಳನ್ನು ತೆಗೆದು ಸಿಲ್ವರ್ ಓಕ್ ಹಾಕಿದವರಲ್ಲಿ ನನ್ನ ತಂದೆಯೂ ಒಬ್ಬರು, ನಾನು ಈಗ ನಡುನಡುವೆ ಹಲಸು, ಅತ್ತಿ ನೆಡುತ್ತಿದ್ದೇನೆ. ಆದರೆ ಅಪರಾಧಿಯ ಹಾಗೆ ನನ್ನ ತೋಟದಲ್ಲಿ ನಾನೇ ನಿಲ್ಲಲಾರೆ.

ಹಸಿಮಣ್ಣು

ಅಣ್ಣ, ತಕ್ಕರ ಮನೆಯವರ ಮಾತು ಮತ್ತು ನಿಮ್ಮ ಮಾತು ಎರಡನ್ನೂ ಇಡೀ ದಿನ ಮತ್ತೆ ಮತ್ತೆ ಓದಿದೆ. ನನಗೆ ಇವೆರಡೂ ಹೊಳೆದಿರಲಿಲ್ಲ. ನಾಯಿಗಳನ್ನು ಕೈಬಿಡುತ್ತಿದ್ದೇನೆ. ಸಾಲನ್ನೂ ಕೈಬಿಡಬೇಕೆನಿಸುತ್ತಿದೆ. ಹಾಗಾದರೆ ಏನು ಉಳಿಯಿತು ಎಂದು ತಿಳಿಯುತ್ತಿಲ್ಲ. ತಕ್ಕರನ್ನು ಭಾನುವಾರ ನೋಡುತ್ತೇನೆ.

ಜಾರಿದ ಗುಡ್ಡ

ಮಕ್ಕಂದೂರು ಕಡೆಯವಳು ನಾನು. 2018ರ ಆಗಸ್ಟ್‌ನಲ್ಲಿ ನಮ್ಮ ಮನೆಯ ಹಿಂದಿನ ಗುಡ್ಡ ಇಳಿದು ಬಂತು. ನಾವು ಬದುಕಿದೆವು, ಮನೆ ಇಲ್ಲ, ಒಂದೂವರೆ ಎಕರೆ ಗದ್ದೆ ಇಲ್ಲ. ಮುಂದಿನ ವರ್ಷ ಕ್ಯಾಮೆರಾ ಹಿಡಿದು ಬಹಳ ಜನ ಬಂದರು. ಒಬ್ಬರು ಗುಡ್ಡದ ಕೆಂಪು ಗಾಯದ ಮುಂದೆ ನನ್ನನ್ನು ನಿಲ್ಲಿಸಿ ಬಿಳಿ ಬಟ್ಟೆ ಹಿಡಿಯಲು ಹೇಳಿದರು. ಹಿಡಿದೆ. ಆ ಚಿತ್ರ ಎಲ್ಲಿ ಹೋಯಿತೋ ನನಗೆ ಯಾರೂ ತಿಳಿಸಲಿಲ್ಲ.

ಆದ್ದರಿಂದ ಈ ಕೆಲಸ ಮಾಡಹೊರಟ ನಿಮಗೆ ಎರಡು ಮಾತು. ಒಂದು, ಇಳಿಜಾರಿನಲ್ಲಿ ಗುಂಡಿ ತೋಡಬೇಡಿ, ಮೆಟ್ಟಿಲು ಕಡಿಯಬೇಡಿ. ಒಂದು ಅಡಿ ತೋಡಿದರೂ ಮಳೆಗಾಲದಲ್ಲಿ ನೀರು ಅಲ್ಲೇ ಇಳಿಯುತ್ತದೆ. ಮಣ್ಣನ್ನು ಮೇಲಿಡಿ, ಒಳಗಿನಿಂದ ತೆಗೆಯಬೇಡಿ. ಎರಡು, ನಿಮ್ಮ ಕೆಲಸ ನೋಡಲು ಬಂದವರಿಗೆ ಕಾಡು ಸುಂದರವಾಗಿದೆ ಎಂದಷ್ಟೇ ಅನಿಸಿ ಹೋಗಬಾರದು. ನಮ್ಮ ಗುಡ್ಡಗಳನ್ನು ಸುಂದರ ಎಂದು ಕೇಳಿ ಕೇಳಿ ಸಾಕಾಗಿದೆ.

ತಿಗರಿ

ನಮ್ಮ ತಂದೆ ಹರಕೆ ನಾಯಿಗಳನ್ನು ಮಾಡುತ್ತಿದ್ದರು, ಈಗ ಕೈ ನಡುಗುತ್ತದೆ. ನಾಯಿಗೆ ತಿಗರಿ ಬೇಡ, ಎಲ್ಲ ಕೈಯಲ್ಲೇ. ಹೊಟ್ಟೆ ಟೊಳ್ಳಾಗಿರಬೇಕು, ಇಲ್ಲದಿದ್ದರೆ ಆವಿಗೆಯಲ್ಲಿ ಒಡೆಯುತ್ತದೆ. ಕಣ್ಣನ್ನು ಕೊನೆಗೆ, ಆವಿಗೆಗೆ ಇಡುವ ಸ್ವಲ್ಪ ಮೊದಲು, ಕಡ್ಡಿಯಿಂದ ಚುಚ್ಚುತ್ತಿದ್ದರು. ಕಣ್ಣಿಟ್ಟ ಮೇಲೆ ಅದನ್ನು ನೆಲದ ಮೇಲೆ ಇಡುತ್ತಿರಲಿಲ್ಲ, ಹುಲ್ಲು ಹಾಸಿ ಇಡುತ್ತಿದ್ದರು.

ನೀವು ಏನೇ ಮಾಡಿ, ಗುಡ್ಡದ ಕೆಂಪು ಮಣ್ಣು ನಂಬಬೇಡಿ, ಒಣಗಿದಾಗ ಬಿರಿಯುತ್ತದೆ. ಕೆರೆಯ ತಳದ ಜೇಡಿ ಬೇಕು, ಗದ್ದೆಯ ಅಡಿಯ ಜೇಡಿಯೂ ಆಗುತ್ತದೆ. ಬೇಸಿಗೆಯಲ್ಲಿ ಕೆರೆ ಇಳಿದಾಗ ಬನ್ನಿ, ನಾನು ತೋರಿಸುತ್ತೇನೆ. ಅರೆದು, ಸೋಸಿ, ಎರಡು ವಾರ ಗೋಣಿಯಲ್ಲಿ ಮುಚ್ಚಿಡಬೇಕು.

ಹಾಡಿಯ ಹುಡುಗ

ನಾನು ಯರವರ (ಇಲ್ಲಿನ ಒಂದು ಬುಡಕಟ್ಟಿನ) ಹುಡುಗ, ಶಾಲೆಯಲ್ಲಿ ಪಾಠ ಮಾಡುತ್ತೇನೆ. ಇಷ್ಟು ಮಾತುಗಳಲ್ಲಿ ನಮ್ಮ ಜನರ ಹೆಸರು ಬರಲಿಲ್ಲ, ಅದಕ್ಕಾಗಿ ಬರೆಯುತ್ತಿದ್ದೇನೆ.

ಆ ಗದ್ದೆಯಲ್ಲಿ ನಾಟಿ ನೆಟ್ಟವರು ನಮ್ಮ ಅಜ್ಜಿಯಂದಿರು. ಮೇಷ್ಟರು ಹೇಳಿದ ಆ ಹತ್ತಡಿ ದಾರಿಯನ್ನು ಬಿಟ್ಟು ಸುತ್ತಲೂ ನೆಟ್ಟ ಕೈಗಳು ಅವರವು. ನಮ್ಮ ಹಿರಿಯರು ಜಮೀನಿನ ಜೊತೆಗೇ ಕೈ ಬದಲಾಗುತ್ತಿದ್ದ ಕಾಲವೂ ಇತ್ತು. ಕೊಡಗಿನ ಹಾಡುಗಳನ್ನು ನಡಿಕೇರಿಯಂಡ ಚಿಣ್ಣಪ್ಪನವರು 1924ರಲ್ಲಿ ಪಟ್ಟೋಲೆ ಪಳಮೆಯಾಗಿ ಅಚ್ಚು ಹಾಕಿಸಿದರು, ಅದು ದೊಡ್ಡ ಕೆಲಸ, ನಾನೂ ಗೌರವಿಸುತ್ತೇನೆ. ನಮ್ಮ ಹಾಡುಗಳು ಬಾಯಲ್ಲೇ ಉಳಿದವು, ಬಾಯಿ ಹೋದ ಹಾಗೆ ಹಾಡೂ ಹೋಗುತ್ತಿದೆ. ಜಾನಪದ ಎಂದಾಗ ಯಾರ ಜಾನಪದ ಎಂದು ಕೇಳಿಕೊಳ್ಳಿ ಅಕ್ಕ.

ನನ್ನ ಅಜ್ಜ ಕಾಡಿನಲ್ಲಿ ಹೆಜ್ಜೆ ನೋಡುವವರು. ನಿನ್ನೆ ರಾತ್ರಿ ಇದನ್ನೆಲ್ಲ ಓದಿ ಹೇಳಿದೆ. ಅವರು ಬಹಳ ಹೊತ್ತು ಸುಮ್ಮನಿದ್ದು ಒಂದು ಮಾತು ಹೇಳಿದರು. "ದೇವರ ನಾಯಿಯನ್ನು ಯಾರೂ ನೋಡಿಲ್ಲ. ಬೆಳಿಗ್ಗೆ ಹೆಜ್ಜೆ ನೋಡಿದವರಿದ್ದಾರೆ." ನಾಯಿ ಬೇಡ, ಹೆಜ್ಜೆ ಸಾಕು ಎನ್ನುವುದು ಅವರ ಅಭಿಪ್ರಾಯ. ನಾಯಿ ಗಡಿ ಹಿಡಿದು ನಡೆಯುವುದಿಲ್ಲ ಎಂದೂ ಹೇಳಿದರು, ಅದು ತೋಟದ ಅಣ್ಣನಿಗಾಗಿ.

ಹಸಿಮಣ್ಣು

ತಮ್ಮಾ, ನಿನ್ನ ಅಜ್ಜನ ಮಾತು ಓದಿ ಎದ್ದು ಅಂಗಳಕ್ಕೆ ಹೋಗಿ ನಿಂತುಬಿಟ್ಟೆ. ಅವರನ್ನು ಭೇಟಿಯಾಗಬಹುದೇ? ಅವರು ಒಪ್ಪಿದರೆ ಈ ಕೆಲಸವನ್ನು ಅವರ ಜೊತೆ ಮಾಡಬೇಕು. ನನಗೆ ಸಹಾಯ ಮಾಡುವವರು ಎಂದಲ್ಲ, ನನ್ನ ಹೆಸರಿನ ಪಕ್ಕದಲ್ಲಿ ಅವರ ಹೆಸರು ಇರಬೇಕು.

ಹಾಡಿಯ ಹುಡುಗ

ಬನ್ನಿ. ದಿನದ ಕೂಲಿ ಕೊಡಬೇಕು, ಫೋಟೋ ತೆಗೆಯುವ ಮೊದಲು ಕೇಳಬೇಕು. ಹೆಸರು ಹಾಕುವುದೋ ಬೇಡವೋ ಅವರೇ ಹೇಳುತ್ತಾರೆ.

ಹಸಿಮಣ್ಣು (ಮಾರ್ಚ್)

ಬಹಳ ದಿನಗಳಾದವು, ಕ್ಷಮಿಸಿ. ನಡೆದದ್ದನ್ನು ಹೇಳುತ್ತೇನೆ.

ತಕ್ಕರ ಮನೆಗೆ ಮೂರು ಸಲ ಹೋದೆ. ಮೊದಲ ಸಲ ಕಾಫಿ ಕುಡಿಸಿ ಕಳುಹಿಸಿದರು. ಎರಡನೆಯ ಸಲ ನನ್ನ ತಾಯಿಯ ಬಗ್ಗೆ ಕೇಳಿದರು. ಮೂರನೆಯ ಸಲ ಹೆಜ್ಜೆಗಳ ವಿಚಾರ ಹೇಳಿದಾಗ ಒಪ್ಪಿದರು. ಕಾಡಿನ ಒಳಗೆ ಒಂದು ಹೆಜ್ಜೆಯೂ ಇರಕೂಡದು ಎಂಬುದು ಅವರ ಷರತ್ತು. ನನಗೂ ಅದೇ ಬೇಕಿತ್ತು. ಒಳಗಿರುವುದು ಈಗಾಗಲೇ ಪೂರ್ತಿಯಾಗಿದೆ, ಅಲ್ಲಿ ನನ್ನ ಕೈಗೆ ಕೆಲಸವಿಲ್ಲ. ತೋಟದ ಮಾಲೀಕರಿಗೆ ಯಾವ ಫೋಟೋದಲ್ಲಿಯೂ ಗಡಿಕಲ್ಲು ಕಾಣದಂತೆ ನೋಡಿಕೊಳ್ಳುತ್ತೇನೆ ಎಂದು ಬರೆದುಕೊಟ್ಟಿದ್ದೇನೆ.

ಹಾಡಿಗೆ (ಅಜ್ಜನ ಜನ ವಾಸಿಸುವ ಕೇರಿಗೆ) ಹೋದ ಮೊದಲ ದಿನ ನಾನು ಒತ್ತಿ ಒಣಗಿಸಿದ್ದ ಐದು ಹೆಜ್ಜೆಗಳನ್ನು ಅಜ್ಜನ ಮುಂದೆ ಇಟ್ಟೆ. ಒಂದೊಂದಾಗಿ ಎತ್ತಿ ನೋಡಿ ಎಲ್ಲವನ್ನೂ ಬದಿಗೆ ಇಟ್ಟರು. "ಇದು ಚಿರತೆ. ನಾಯಿಯದಲ್ಲ." ನಾನು ಉಗುರು ಹಾಕಿರಲಿಲ್ಲ. ಬೆಕ್ಕಿನ ಜಾತಿಯವು ನಡೆಯುವಾಗ ಉಗುರನ್ನು ಒಳಗೆ ಎಳೆದುಕೊಳ್ಳುತ್ತವೆ, ನಾಯಿಯ ಉಗುರು ಮಣ್ಣಿನಲ್ಲಿ ಮೂಡುತ್ತದೆ. ಹನ್ನೊಂದು ವರ್ಷ ಮಣ್ಣಿನಲ್ಲಿ ಕೆಲಸ ಮಾಡಿದವಳಿಗೆ ಇದು ಗೊತ್ತಿರಲಿಲ್ಲ. ಆಮೇಲೆ ಮೂರು ದಿನ ಅವರ ಜೊತೆ ತೋಡಿನ ಬದಿಯಲ್ಲಿ ನಡೆದೆ. ನಿಧಾನವಾಗಿ ನಡೆಯುವ ನಾಯಿಯ ಹಿಂಗಾಲು ಮುಂಗಾಲಿನ ಗುರುತಿನ ಮೇಲೆಯೇ ಅಥವಾ ಅದರ ಹತ್ತಿರ ಬೀಳುತ್ತದೆ. ಓಡಿದರೆ ಬೆರಳು ಅಗಲವಾಗುತ್ತದೆ, ಉಗುರು ಆಳಕ್ಕೆ ಇಳಿಯುತ್ತದೆ. ವಾಸನೆ ಹಿಡಿದಾಗ ಹೆಜ್ಜೆಗಳು ಒಂದೇ ಕಡೆ ಗುಂಪಾಗುತ್ತವೆ.

ಈಗ ಕೆಲಸ ಹೀಗೆ ನಡೆಯುತ್ತಿದೆ. ಕೆರೆಯ ಜೇಡಿಯಿಂದ ಅಂಗೈ ಅಗಲದ ಬಿಲ್ಲೆಗಳು, ಒಂದೊಂದರಲ್ಲಿ ಒಂದು ಹೆಜ್ಜೆ. ಅಜ್ಜ ಎಲ್ಲಿ ತೋರಿಸುತ್ತಾರೋ ಅಲ್ಲಿ ತೋಟದ ನೆಲದ ಮೇಲೆ ಎಲೆ ಸರಿಸಿ ಇಡುತ್ತೇನೆ, ಎಲ್ಲಿಯೂ ತೋಡುವುದಿಲ್ಲ. ಮಕ್ಕಂದೂರಿನ ಅಕ್ಕ, ನಿಮ್ಮ ಮಾತು ಮರೆತಿಲ್ಲ. ಹೆಜ್ಜೆಗಳು ತಾಯಿ ಚಪ್ಪಲಿ ಬಿಟ್ಟ ಜಾಗದಿಂದ ಶುರುವಾಗುತ್ತವೆ. ನೇರ ಹೋಗುವುದಿಲ್ಲ. ಒಂದು ಕಡೆ ಕಾಫಿ ಗಿಡವನ್ನು ಸುತ್ತುತ್ತವೆ. ಒಂದು ಕಡೆ ತೋಡಿಗೆ ಇಳಿದು ನೀರು ಕುಡಿದು ಮೇಲೆ ಬರುತ್ತವೆ. ತೋಟದ ಕೆಲಸದವರ ಲೈನ್‌ಮನೆಯ ಹಿತ್ತಲಿನಲ್ಲಿ ಗುಂಪಾಗಿ ನಿಲ್ಲುತ್ತವೆ, ಅಲ್ಲಿ ಹಿಂದೆ ದೊಡ್ಡ ಮರವೊಂದು ಇತ್ತು ಎಂದು ಅಜ್ಜ ಹೇಳಿದರು. ಆ ಮರದ ಹೆಸರನ್ನು ಅವರ ಭಾಷೆಯಲ್ಲಿ ಹೇಳಿದರು, ಬರೆದುಕೊಳ್ಳಲು ಬಿಡಲಿಲ್ಲ.

ಹೂಮಳೆ

ತಂಗಿ, ಗೆರೆ ಬಿಟ್ಟದ್ದಕ್ಕೆ ಮನಸ್ಸು ಹಗುರವಾಯಿತು. ನಮ್ಮ ಮಾತಿಗೆ ಬೆಲೆ ಕೊಟ್ಟಿರಿ.

ಬಣ್ಣದ ಡಬ್ಬಿ

ಅಕ್ಕ, ಒಂದು ಪ್ರಶ್ನೆ. ನೋಡಲು ಬರುವವರಿಗೆ ಫಲಕ ಇರುತ್ತದೆಯೇ? ಏನೂ ಬರೆಯದಿದ್ದರೆ ಇದು ಕಲೆ ಎಂದು ಗೊತ್ತಾಗುವುದು ಹೇಗೆ?

ಹಸಿಮಣ್ಣು

ಇದರ ಬಗ್ಗೆ ಬಹಳ ಯೋಚಿಸಿದೆ. ಬರೆದರೆ ಯಾವ ಭಾಷೆಯಲ್ಲಿ? ಕೊಡವರ ಮಾತಾದ ಕೊಡವ ತಕ್ಕ್‌ನಲ್ಲಿ ಬರೆದರೆ ಅರೆಭಾಷೆಯವರು ಯಾಕಿಲ್ಲ ಎನ್ನಬಹುದು, ಯರವ ಭಾಷೆಯನ್ನು ಬಿಟ್ಟರೆ ಅಜ್ಜನನ್ನೇ ಬಿಟ್ಟಂತೆ. ಕೊನೆಗೆ ಫಲಕ ಬೇಡ ಎಂದುಕೊಂಡೆ. ನೋಡಬೇಕೆನ್ನುವವರು ನಮ್ಮ ಮನೆಗೆ ಬರಲಿ, ಅಜ್ಜ ಅಥವಾ ನಾನು ಜೊತೆಯಲ್ಲಿ ನಡೆದು ಹೇಳುತ್ತೇವೆ. ಒಂದು ಸಲಕ್ಕೆ ಆರು ಜನ. ನಡೆಯದೆ ಈ ಕೆಲಸ ಕಾಣುವುದಿಲ್ಲ.

ಹಸಿಮಣ್ಣು (ಏಪ್ರಿಲ್)

ಎರಡು ವಾರಗಳ ಹಿಂದೆ ಒಂದು ರಾತ್ರಿ ಹೂಮಳೆ (ಕಾಫಿ ಹೂ ಅರಳಿಸುವ ಮಳೆ) ಬಂತು. ಒಂದೂಕಾಲು ಗಂಟೆ ಬಿಡದೆ ಸುರಿಯಿತು. ಇಟ್ಟಿದ್ದ ನೂರ ಎಂಬತ್ತು ಹೆಜ್ಜೆಗಳಲ್ಲಿ ಎಪ್ಪತ್ತಕ್ಕೂ ಹೆಚ್ಚು ಕರಗಿ ಹೋದವು. ಇನ್ನೂ ಯಾರೂ ನೋಡಿರಲಿಲ್ಲ. ಬೆಳಿಗ್ಗೆ ಹೋಗಿ ನೋಡಿದಾಗ ಅಳು ಬಂತು. ತೋಟದ ಮಾಲೀಕರು ಎದುರಿಗೆ ಬಂದರು, ಮುಖದ ತುಂಬಾ ಸಂತೋಷ. ಆ ಮಳೆಗಾಗಿ ಅವರು ಒಂದು ತಿಂಗಳಿನಿಂದ ಆಕಾಶ ನೋಡುತ್ತಿದ್ದರು. ನನ್ನನ್ನು ನೋಡಿ ಸಂತೋಷವನ್ನು ಅಡಗಿಸಿಕೊಳ್ಳಲು ಪ್ರಯತ್ನಿಸಿದರು, ಆಗಲಿಲ್ಲ. ಅವರ ಮುಖ ನೋಡಿ ನನಗೂ ಸಂತೋಷವಾಯಿತು, ನಿಜವಾಗಿಯೂ ಆಯಿತು. ಒಂಬತ್ತು ದಿನಗಳ ಮೇಲೆ ಇಡೀ ತೋಟ ಬಿಳಿಯಾಗಿ ಅರಳಿದಾಗ ಆ ಪರಿಮಳದ ನಡುವೆ ಕುಳಿತು ಮತ್ತೆ ಬಿಲ್ಲೆ ಒತ್ತಿದೆ.

ಮಳೆಯ ಮಾರನೆಯ ದಿನ ಇನ್ನೊಂದು ವಿಷಯ ನಡೆಯಿತು. ಅಜ್ಜ ಉಳಿದ ಹೆಜ್ಜೆಗಳನ್ನು ಎಣಿಸುತ್ತಾ ಹೋಗುತ್ತಿದ್ದವರು ಒಂದು ಕಡೆ ನಿಂತರು. ಮೆತ್ತಗಾದ ಎರಡು ಬಿಲ್ಲೆಗಳ ಮೇಲೆ ಹೊಸ ಗುರುತುಗಳಿದ್ದವು. "ಇದು ನಾವು ಇಟ್ಟದ್ದಲ್ಲ" ಎಂದರು. ನಿಜವಾದ ನಾಯಿ ರಾತ್ರಿ ನಮ್ಮ ಹೆಜ್ಜೆಗಳ ಮೇಲೆ ನಡೆದು ಹೋಗಿತ್ತು. ಲೈನ್‌ಮನೆಯ ನಾಯಿ ಇರಬೇಕು ಎಂದೆ. ಅಜ್ಜ ಬಗ್ಗಿ ನೋಡಿ, "ಬಲಗಾಲು ಊರುವುದಿಲ್ಲ ಇದು. ಲೈನಿನಲ್ಲಿ ಕುಂಟು ನಾಯಿ ಇಲ್ಲ" ಎಂದರು. ಅದಕ್ಕಿಂತ ಹೆಚ್ಚು ಮಾತಾಡಲಿಲ್ಲ. ಆ ಎರಡು ಬಿಲ್ಲೆಗಳನ್ನು ನಾನು ಮುಟ್ಟಲಿಲ್ಲ.

ಭಾಗಮಂಡಲದ ಸೊಸೆ

ಕಳೆದ ಶನಿವಾರ ಅತ್ತೆಯನ್ನು ಕರೆದುಕೊಂಡು ಬಂದಿದ್ದೆ. ಅವರಿಗೆ ಎಪ್ಪತ್ತೆಂಟು. 2020ರಲ್ಲಿ ತಲಕಾವೇರಿಯ ಬ್ರಹ್ಮಗಿರಿ ಕುಸಿದಾಗಿನಿಂದ ಗುಡ್ಡದ ಕಡೆಗೆ ಹೋಗಲು ಹೆದರುತ್ತಿದ್ದರು. ಅಲ್ಲಿ ಅಜ್ಜನ ಹಿಂದೆ ಹಿಂದೆ ಹೋಗಿ ಪ್ರತಿಯೊಂದು ಹೆಜ್ಜೆಯನ್ನೂ ಬಗ್ಗಿ ನೋಡಿದರು. ಮನೆಗೆ ಬಂದ ಮೇಲೆ ಅವರ ತವರಿನ ದೇವರಕಾಡಿನ ಬಗ್ಗೆ ಎರಡು ಗಂಟೆ ಹೇಳಿದರು. ಹದಿನೆಂಟು ವರ್ಷಗಳಲ್ಲಿ ಅವರ ಬಾಯಿಂದ ಆ ಊರಿನ ಸುದ್ದಿ ಕೇಳಿದ್ದು ಅದೇ ಮೊದಲು. ಬರೆದುಕೊಂಡಿದ್ದೇನೆ.

ಜಾರಿದ ಗುಡ್ಡ

ನಾನೂ ಬಂದಿದ್ದೆ. ಯಾರೂ ನನ್ನನ್ನು ಎಲ್ಲಿಯೂ ನಿಲ್ಲಿಸಲಿಲ್ಲ. ತೋಡಿನ ಬಳಿ ಹೆಜ್ಜೆಗಳು ನೀರಿಗೆ ಇಳಿಯುವ ಜಾಗದಲ್ಲಿ ನಾನೇ ಸ್ವಲ್ಪ ಹೊತ್ತು ಕುಳಿತೆ.

ಹಸಿಮಣ್ಣು (ಜೂನ್)

ಮಳೆ ಹಿಡಿದು ಎಂಟು ದಿನಗಳಾದವು. ನಿನ್ನೆ ಜಿಗಣೆ ಕೊಡವಿಕೊಳ್ಳುತ್ತಾ ಅಜ್ಜ, ಅವರ ಮೊಮ್ಮಗ, ನಾನು ಮೂವರೂ ಕೊನೆಯ ಸಲ ನಡೆದೆವು. ಒಂದು ಹೆಜ್ಜೆಯೂ ಇಲ್ಲ. ಲೈನ್‌ಮನೆಯ ಹಿತ್ತಲಿನಲ್ಲಿ ಜೇಡಿ ಕರಗಿದ ಜಾಗ ಮಾತ್ರ ಬೂದು ಬಣ್ಣದಲ್ಲಿ ಕಾಣುತ್ತಿತ್ತು. ಅಜ್ಜ ತಮ್ಮ ಹೆಸರು ಹಾಕುವುದು ಬೇಡ ಎಂದಿದ್ದಾರೆ, ಹಾಡಿಯ ಹೆಸರು ಹಾಕಿ ಎಂದಿದ್ದಾರೆ. ಹಾಗೆಯೇ ಆಗುತ್ತದೆ. ಫೋಟೋಗಳು ಮೂವತ್ತೊಂದು ಇವೆ, ಅವರು ನೋಡಿ ಒಪ್ಪಿದವನ್ನು ಮಾತ್ರ ಇಲ್ಲಿ ಹಾಕುತ್ತೇನೆ.

ತಕ್ಕರ ಮನೆ

ನಿಮ್ಮ ಕೆಲಸವನ್ನು ದೊಡ್ಡಪ್ಪನಿಗೆ ವಿವರವಾಗಿ ಹೇಳಿದೆ. ನಮ್ಮ ಊರಿನ ಕಾಡೂ ಕಿರಿದಾಗಿದೆ. ಹಳೆಯ ಅಂಚು ಗೊತ್ತಿರುವವರು ಊರಿನಲ್ಲಿ ಇನ್ನು ಇಬ್ಬರೇ, ಅವರಲ್ಲಿ ಒಬ್ಬರು ಹಾಸಿಗೆ ಹಿಡಿದಿದ್ದಾರೆ. ಬರುವ ವರ್ಷ ಕಟ್ಟು ಬೀಳುವ ಮೊದಲು ಬನ್ನಿ ಎಂದು ದೊಡ್ಡಪ್ಪ ಹೇಳಿದ್ದಾರೆ. ಹೆಜ್ಜೆಯೇ ಆಗಬೇಕೆಂದಿಲ್ಲ, ಬಂದು ಮೊದಲು ಅವರ ಜೊತೆ ನಡೆಯಿರಿ. ಸಾಧ್ಯವಾದರೆ ಅಜ್ಜನನ್ನೂ ಕರೆತನ್ನಿ.

ಹಸಿಮಣ್ಣು

ಬರುತ್ತೇನೆ. ಹಾಸಿಗೆ ಹಿಡಿದವರ ಬಳಿಗೆ ಈ ವಾರವೇ ಬರಬಹುದೇ?

ತಕ್ಕರ ಮನೆ

ಗುರುವಾರ ಬನ್ನಿ. ಮಧ್ಯಾಹ್ನ ಅವರು ಸ್ವಲ್ಪ ಗೆಲುವಾಗಿರುತ್ತಾರೆ.

ತಿಗರಿ

ಅಕ್ಕ, ಜೇಡಿ ಎಷ್ಟು ಉಳಿದಿದೆ? ಉಳಿದಿದ್ದರೆ ರಸ್ತೆ ಬದಿಗೆ ಚೆಲ್ಲಬೇಡಿ, ತೆಗೆದ ಕೆರೆಗೇ ಮರಳಿ ಹಾಕಬೇಕು ಎಂದು ತಂದೆ ಹೇಳುತ್ತಿದ್ದಾರೆ.

ಹಸಿಮಣ್ಣು

ಎರಡು ಗೋಣಿ ಉಳಿದಿದೆ. ಗುರುವಾರ ಬರುವಾಗ ಜೀಪಿನಲ್ಲಿ ತರುತ್ತೇನೆ, ಕೆರೆಯ ಏರಿಯ ಬಳಿ ಇರಿ.